ಗುರುಲಿಂಗಪ್ಪನ ಮನೆಯಲ್ಲಿ ಬಾಡಿಗೆಗಿದ್ದ ಸರಕಾರ

ಸರಕಾರವೂ ಬಾಡಿಗೆ ಮನೆಯಲ್ಲಿ ಇರುತ್ತದೆ, ಅದಕ್ಕೂ ಒಬ್ಬ ಮಾಲಕ ಇರುತ್ತಾನೆ, ಆ ಮಾಲಕ ಮೈಮೇಲೆ ಹಿಟ್ಟು ಮೆತ್ತಿಕೊಂಡೇ ಬಂದು ‘ಹೆಂಗದೀರಿ, ನೀರು ಗೀರು ಬರ್ಲಾಕತ್ತದೇನು?’ ಎಂದು ಸರಕಾರವನ್ನು ವಿಚಾರಿಸಬಹುದು — ಇದೆಲ್ಲ ಕೊಂಗಳವಾಡಿಯ ಜನಕ್ಕೆ ತಿಳಿದದ್ದು ಹೋದ ವರ್ಷ, ಗಿರಣಿಯ ಗುರುಲಿಂಗಪ್ಪ ದನದ ದವಾಖಾನೆಯ ಕಟ್ಟಡವನ್ನು ಖರೀದಿ ಮಾಡಿದಾಗ.

ನಾನು ಪಂಡಿತ. ನಿಲಂಗಾದಿಂದ ದೇವಣಿ ಕಡೆ ಹೋಗುವ ರಸ್ತೆಯ ಮೇಲೆ, ಆ ದವಾಖಾನೆಯ ಎದುರಿಗೇ ನನ್ನ ಝೆರಾಕ್ಸ್ ಅಂಗಡಿ. ನಮ್ಮೂರಲ್ಲಿ ಯಾರ ಹೊಲ ಒಡೆಯಿತು, ಯಾರ ಮಗನಿಗೆ ನೌಕರಿ ಸಿಕ್ಕಿತು, ಯಾರ ಮೇಲೆ ಯಾರು ತಕರಾರು ಹಾಕಿದರು ಎಂಬುದೆಲ್ಲ ಮೊದಲು ನನ್ನ ಮಷೀನಿನ ಗಾಜಿನ ಮೇಲೆ ಬೋರಲು ಮಲಗಿ, ಆಮೇಲೆ ಊರಿಗೆ ಹೋಗುತ್ತದೆ. ನಾನು ಯಾರ ಕಾಗದವನ್ನೂ ಓದುವವನಲ್ಲ. ತಾವಾಗಿಯೇ ಕಣ್ಣಿಗೆ ಬಿದ್ದರೆ ನಾನೇನು ಮಾಡಲಿ? ಆದ್ದರಿಂದ ಈ ಪ್ರಕರಣದಲ್ಲಿ ನನ್ನಷ್ಟು ಖಾತ್ರಿಯಾಗಿ ಮಾತಾಡುವವರು ಮತ್ತೊಬ್ಬರಿಲ್ಲ. ಇದ್ದರೆ ಅಂಗಡಿಗೆ ಬರಲಿ, ಮಾತಾಡೋಣ.

ಗುರುಲಿಂಗಪ್ಪ ಭಾಲ್ಕಿ ಕಡೆಯವನು. ಹತ್ತೊಂಬತ್ತು ವರ್ಷದ ಹಿಂದೆ ಹೆಂಡತಿ ತ್ರಿವೇಣಿ, ಒಂದು ಟ್ರಂಕು, ಒಂದು ಆಡು ಇಷ್ಟರೊಂದಿಗೆ ಈ ಊರಿಗೆ ಬಂದು, ಶೇವಂತಾಬಾಯಿಯವರ ವಾಡೆಯ ಹಿಂದಿನ ಎರಡು ಖೋಲಿ ಬಾಡಿಗೆಗೆ ಹಿಡಿದ. ಶೇವಂತಾಬಾಯಿ ಎಂದರೆ ಈ ನೆಲದಲ್ಲಿ ತಲೆಮಾರುಗಳಿಂದ ಹೊಲ ಮಾಡಿಕೊಂಡು ಬಂದ ಮನೆತನದ ಹಿರಿಯರು. ಹಣೆ ತುಂಬ ವಿಭೂತಿ, ಬಾಯಿ ತುಂಬ ಹುಕುಂ. ವಾಡೆಯ ಬಾಗಿಲಲ್ಲಿ ಅವರದೊಂದು ತಗಡಿನ ಹಲಗೆ ಇತ್ತು. ಅದರ ಮೇಲೆ ಬಾಡಿಗೆದಾರರಿಗೆ ಐದು ನಿಯಮ. ಬಾಡಿಗೆ ಐದನೇ ತಾರೀಖಿನೊಳಗೆ ಕೊಡಬೇಕು. ಗೋಡೆಗೆ ಮೊಳೆ ಹೊಡೆಯಬಾರದು. ನೀರು ಚೆಲ್ಲಬಾರದು. ಪ್ರಾಣಿಗಳನ್ನು ಒಳಗೆ ತರಬಾರದು. ನೆಂಟರು ಎರಡು ದಿನಕ್ಕಿಂತ ಹೆಚ್ಚು ಇರಬಾರದು. ಮೊಳೆ ಹೊಡೆಯಬಾರದು ಎನ್ನುವ ಆ ಹಲಗೆ ಸ್ವತಃ ಒಂದು ದಪ್ಪ ಮೊಳೆಗೆ ನೇತುಬಿದ್ದಿತ್ತು, ಆದರೆ ಆ ಮಾತನ್ನು ಎತ್ತುವ ಧೈರ್ಯ ಯಾರಿಗೂ ಇರಲಿಲ್ಲ.

ಗುರುಲಿಂಗಪ್ಪ ಎಲ್ಲ ನಿಯಮ ಪಾಲಿಸಿದ. ಬಂದ ಮೂರನೇ ದಿನವೇ ಆಡನ್ನು ಮಾರಿದ, ತ್ರಿವೇಣಿ ಎರಡು ದಿನ ಅತ್ತಳು. ಕ್ಯಾಲೆಂಡರನ್ನು ಹತ್ತೊಂಬತ್ತು ವರ್ಷವೂ ಟ್ರಂಕಿಗೆ ಒರಗಿಸಿಯೇ ಇಟ್ಟ. ತಾರೀಖು ನೋಡಬೇಕಾದರೆ ಬಗ್ಗಿ ನೋಡುತ್ತಿದ್ದ.

ಹೀಗಿರುವಾಗ ಶೇವಂತಾಬಾಯಿಯ ಮಗಳು ಯೋಗಿತಾ ಉಮರ್ಗಾದಲ್ಲಿ ಹೆದ್ದಾರಿಯ ಪಕ್ಕ ಬಟ್ಟೆ ಅಂಗಡಿ ಹಾಕುವ ಮನಸ್ಸು ಮಾಡಿದಳು. ಮಗಳಿಗೆ ಆಸರೆಯಾಗಲೆಂದು ತಾಯಿ ದವಾಖಾನೆಯ ಕಟ್ಟಡ ಮಾರಲು ನಿಂತರು. ಅವರ ಗಂಡ ನಾಗನಾಥರಾವ್ ಕಟ್ಟಿಸಿ ಸರಕಾರಕ್ಕೆ ಬಾಡಿಗೆಗೆ ಕೊಟ್ಟಿದ್ದ ಕಟ್ಟಡ ಅದು. ಹೊರಗಿನವರಿಗೆ ಕೊಡುವ ಮೊದಲು ಹಿಂದಿನ ಖೋಲಿಯತ್ತ ಮುಖಮಾಡಿ, "ಗುರುಲಿಂಗಾ, ನಿನಗ ಬೇಕೇನು?" ಎಂದು ಕೂಗಿದರು. ಹತ್ತೊಂಬತ್ತು ವರ್ಷ ಬೀಸಿದ ಹಿಟ್ಟೆಲ್ಲ ಆ ಕಟ್ಟಡಕ್ಕೆ ಹೋಯಿತು, ತ್ರಿವೇಣಿಯ ಕೈಯ ಚಿನ್ನದ ಪಾಟ್ಲಿಯೂ ಹೋಯಿತು.

"ಹಂಗಂದ್ರ ನಾವು ಅಲ್ಲಿ ಹೋಗಿ ಇರ್ತೀವೇನ್ರೀ?" ಎಂದು ತ್ರಿವೇಣಿ ಆಸೆಯಿಂದ ಕೇಳಿದಳು.

"ಹೆಂಗ ಇರ್ಲಾಕ ಬರ್ತದ? ಒಳಗ ಭಾಡೇಕರು ಹಾನಲ್ಲ."

"ಯಾರ್ರೀ ಭಾಡೇಕರು?"

ಗುರುಲಿಂಗಪ್ಪ ಮೀಸೆ ಮೇಲೆ ಕೈಯಾಡಿಸಿ, "ಸರಕಾರ" ಎಂದ. ಅವತ್ತಿನಿಂದ ಅವನ ನಡಿಗೆ ಬದಲಾಯಿತು, ನಾನು ಅಂಗಡಿಯಿಂದಲೇ ನೋಡಿದೆ.

ಹೊಸ ಮನೆ ಎಂದ ಮೇಲೆ ಶಾಂತಿ ಮಾಡಿಸಬೇಕು. ಆಕಳು ಕರು ಮೊದಲು ಹೊಸ್ತಿಲು ದಾಟಬೇಕು, ಆಮೇಲೆ ಯಜಮಾನ. ಗುರುಲಿಂಗಪ್ಪನ ಹತ್ತಿರ ಆಕಳಿರಲಿಲ್ಲವಾದ್ದರಿಂದ ಶೇವಂತಾಬಾಯಿಯವರ ದೇವಣಿ ಆಕಳನ್ನೇ ಕೇಳಿ ತಂದ. ರಾಚಯ್ಯಸ್ವಾಮಿಗಳು ಮುಂದೆ, ಆಕಳು ಕರು ನಡುವೆ, ಹಾಲಿನ ಗಿಂಡಿ ಹಿಡಿದ ತ್ರಿವೇಣಿ ಹಿಂದೆ. ಮೆರವಣಿಗೆ ಬೆಳಿಗ್ಗೆ ಹತ್ತಕ್ಕೆ ಸರಿಯಾಗಿ ದವಾಖಾನೆಯ ಬಾಗಿಲಿಗೆ ಬಂತು. ಬಾಗಿಲಲ್ಲಿ ಡಾಕ್ಟರ್ ಮೀನಲ ನಿಂತಿದ್ದರು. ಉದಗೀರ ಕಡೆಯ ಹುಡುಗಿ, ಇದೇ ಮೊದಲ ನೌಕರಿ. ಹೋದ ತಪಾಸಣೆಯಲ್ಲಿ ಒಂದೇ ಒಂದು ಕುರಿಯನ್ನು ರಜಿಸ್ಟರಿನಲ್ಲಿ ಬರೆಯುವುದು ಬಿಟ್ಟುಹೋಗಿ ಮೇಲಿನವರಿಂದ ಬೈಸಿಕೊಂಡಿದ್ದರು. ಆಮೇಲೆ ಒಳಗೆ ಹಾರಿಬಂದ ಗುಬ್ಬಿಯನ್ನೂ ಬರೆಯುವುದೊಂದು ಬಾಕಿ.

"ಅಹೋ, ಹೇ ಕಾಯ್? ಏನಿದು? ಆಕಳಿಗಿ ಏನಾಗ್ಯಾದ?" ಎಂದರು ಡಾಕ್ಟರು.

"ಏನೂ ಆಗಿಲ್ಲ ಮ್ಯಾಡಮ್. ನನ್ನ ಮನಿ ಶಾಂತಿ ಅದಾ. ನೀವು ಜರಾ ಬಾಜೂಕ್ಕ ಸರೀರಿ."

"ಕೇಸ್ ಪೇಪರ್ ಇಲ್ದೇ ಯಾವ ಜಾನುವಾರನೂ ಒಳಗ ಬರಂಗಿಲ್ಲ."

"ಅದು ಬಿಮಾರ ಇಲ್ರೀ!"

"ಬಿಮಾರ ಇಲ್ಲಂತ ನಾ ಹೇಳಬೇಕು. ನಾ ಹೇಳಬೇಕಂದ್ರ ತಪಾಸಬೇಕು. ತಪಾಸಬೇಕಂದ್ರ ಕೇಸ್ ಪೇಪರ್ ಬೇಕು."

"ನನ್ನ ಮನಿಯೊಳಗ ನಾ ಹೋಗ್ಲಾಕ ನಾನೇ ರೊಕ್ಕ ಕೊಟ್ಟು ಪಾವತಿ ಹರಿಸಬೇಕೇನು? ಯಾವ ಊರ ನ್ಯಾಯ ಇದು!"

"ಮುಹೂರ್ತ ಮೀರ್ಲಾಕತ್ತದ" ಎಂದು ರಾಚಯ್ಯಸ್ವಾಮಿಗಳು ನಡುವೆ ಬಾಯಿ ಹಾಕಿದರು. "ಬರೀರಿ ತಾಯಿ, ಲಗು ಬರೀರಿ. ಆಕಳ ಬರದ್ರನೂ ಆಕಳಾನೇ."

ಗುರುಲಿಂಗಪ್ಪ ಹಲ್ಲು ಕಡಿಯುತ್ತ ಫೀ ಕಟ್ಟಿದ. ಡಾಕ್ಟರು ಆಕಳಿನ ಜ್ವರ ನೋಡಿ, ಹೊಟ್ಟೆಗೆ ಸ್ಟೆತಾಸ್ಕೋಪು ಇಟ್ಟು, ರಜಿಸ್ಟರಿನಲ್ಲಿ ಸಾಲಾಗಿ ಬರೆದು, ಶೆರಾ ಎಂಬ ಟಿಪ್ಪಣಿಯ ಕೊನೆಯ ಅಂಕಣದಲ್ಲಿ ಇನ್ನೂ ಏನೇನೋ ಗೀಚಿ, ಮೇಲೊಂದು ಶಿಕ್ಕಾ ಒತ್ತಿದರು. ಆಮೇಲೆ ಆಕಳು ಒಳಗೆ ಹೋಯಿತು. ಹೋದದ್ದು ಹೊರಗೆ ಬರಲೊಲ್ಲದು. ಡಾಕ್ಟರರ ಮೇಜಿನ ಪಕ್ಕ ತಂಪಾಗಿ ನಿಂತು ಸೆಗಣಿ ಹಾಕಿತು. "ಇದರಗಿಂತ ಶುಭ ಬ್ಯಾರೆ ಯಾವುದದಾ!" ಎಂದು ಸ್ವಾಮಿಗಳು ಕೈ ಮುಗಿದರು. ಡಾಕ್ಟರು ರಜಿಸ್ಟರು ಮತ್ತೆ ತೆರೆದು ಅದನ್ನೂ ಬರೆದುಕೊಂಡರು.

ಮುಂದಿನ ತಿಂಗಳು ಸರಕಾರದ ಬಾಡಿಗೆ ಎಂದಿನಂತೆ ಶೇವಂತಾಬಾಯಿ ಮತ್ತು ಗಂಡನ ಜಂಟಿ ಖಾತೆಗೇ ಬಂತು. ಅವರು ಗುರುಲಿಂಗಪ್ಪನನ್ನು ಕರೆದು, ಅದರಲ್ಲಿ ಅವನ ಖೋಲಿಗಳ ಬಾಡಿಗೆ ಮುರಿದುಕೊಂಡು ಉಳಿದದ್ದನ್ನು ಕೈಯಲ್ಲಿಟ್ಟರು. ಒಂದು ಪೈಸೆ ಹೆಚ್ಚು ಕಡಿಮೆ ಇಲ್ಲ. ನೀವಾಗಿದ್ದರೆ, ನಾನಾಗಿದ್ದರೆ, ಸುಮ್ಮನೆ ಮನೆಗೆ ಹೋಗಿ ಚಹಾ ಕುಡಿಯುತ್ತಿದ್ದೆವು. ಗುರುಲಿಂಗಪ್ಪ ನನ್ನ ಅಂಗಡಿಗೆ ಬಂದ.

"ಪಂಡಿತಣ್ಣಾ, ರೊಕ್ಕ ಬಂತು, ಹೆಸರು ಬರ್ಲಿಲ್ಲ. ಸರಕಾರದ ಫೈಲಿನಾಗ ನನ್ನ ಹೆಸರು ಬರಬೇಕು. ಮಾಲಕ ಗುರುಲಿಂಗಪ್ಪ ಅಂತ. ಹತ್ತೊಂಬತ್ತು ವರ್ಷ ಆಯ್ತು, ನನ್ನ ಹೆಸರು ಲೈಟ್ ಬಿಲ್ಲಿನ ಮ್ಯಾಲನೂ ಇಲ್ಲ."

ಹೀಗಂದಾಗ ಅವನ ಕಣ್ಣು ಒದ್ದೆಯಾಗಿತ್ತು. ನನಗೂ ಕನಿಕರ ಬಂತು. ಕಾಗದದ ಕೆಲಸದಲ್ಲಿ ಅನುಭವಿಯೆಂದು ನಾನೂ ಜತೆಗೆ ಬಸ್ಸು ಹತ್ತಿದೆ.

ನಿಲಂಗಾದಲ್ಲಿ ಒಂದು ಕಚೇರಿ. ಯಾವುದೆಂದು ಹೇಳುವುದಿಲ್ಲ, ನಾಳೆ ನನಗೂ ಅಲ್ಲಿ ಕೆಲಸ ಬೀಳಬಹುದು. ಅಲ್ಲಿ ದಿಗಂಬರರಾವ್ ಎಂಬ ಕಾರಕೂನರು ಫೈಲು ತೆಗೆದು, ಧೂಳು ಊದಿ, ಕನ್ನಡಕ ಏರಿಸಿದರು.

"ಮಾಲಕ ನಾಗನಾಥರಾವ್. ಅವರು ಖುದ್ದ ಹಾಜರಾಗಿ ಸಹಿ ಮಾಡಬೇಕು."

"ಅವರು ಲಿಂಗೈಕ್ಯ ಆಗಿ ಹನ್ನೊಂದು ವರ್ಷ ಆಯ್ತ್ರೀ ಸಾಹೇಬ್ರೆ."

ದಿಗಂಬರರಾವ್ ಮೊದಲ ಪುಟದಿಂದ ಕೊನೆಯ ಪುಟದವರೆಗೆ ಹುಡುಕಿದರು. "ನಮ್ಮ ಕಡಿ ಹಂಗೇನೂ ಅರ್ಜಿ ಬಂದಿಲ್ಲ."

"ಸತ್ತೋರು ಹೆಂಗ ಅರ್ಜಿ ಕೊಡ್ತಾರ್ರೀ?"

"ಅದು ಅವರ ಅಡಚಣಿ. ನಮ್ಮ ಫೈಲಿನಾಗ ಅವರು ಆರಾಮ ಹಾರ. ತಿಂಗಳಾ ಭಾಡಾ ತಗೋಳಾಕತ್ತಾರ." ಅವರು ಪೆನ್ನಿನ ಟೋಪಿ ತೆಗೆದರು. "ನೀವು ಹೇಳದೇ ಇದ್ದಿದ್ರ ನಮಗ ಗೊತ್ತಾಗ್ತಿರಲಿಲ್ಲ. ಈಗ ಹೇಳೀರಿ. ಗೊತ್ತಾದ ಮ್ಯಾಲ ಸುಮ್ಮ ಕೂಡ್ಲಾಕ ಬರಂಗಿಲ್ಲ." ಫೈಲಿನ ಮೇಲೆ ಕೆಂಪು ಶಾಯಿಯಲ್ಲಿ ‘ಮಾಲಕಿ ಹಕ್ಕಿನ ತಕರಾರು’ ಎಂದು ಬರೆದೇಬಿಟ್ಟರು.

"ತಕರಾರು ಯಾರೂ ಮಾಡಿಲ್ರೀ!"

"ಒಬ್ಬ ಸತ್ತಾನ, ಒಬ್ಬ ಬಂದಾನ. ಇದಕ್ಕ ಮತ್ತೇನಂತಾರ?"

ತಕರಾರು ಅಳಿಸಬೇಕಾದರೆ ನಾಲ್ಕು ಕಾಗದ ಬೇಕು ಎಂದರು. ಖರೀದಿ ಪತ್ರ, ಗ್ರಾಮ ಪಂಚಾಯತಿಯಲ್ಲಿ ಹೆಸರು ಬದಲಾದ ಉತಾರ, ಹಳೆಯ ಮಾಲಕರ ಕಡೆಯಿಂದ ಹರಕತ್ ಇಲ್ಲ, ಅಂದರೆ ಅಭ್ಯಂತರವಿಲ್ಲ ಎಂಬ ಪತ್ರ. ಇಷ್ಟರವರೆಗೆ ಸರಿ ಇತ್ತು. ನಾಲ್ಕನೆಯದು ಕಬ್ಜಾದ್ದು, ಕಟ್ಟಡ ಕೈವಶವಾದದ್ದರ ದಾಖಲೆ.

"ಯಾವ ದಿನ ನೀವು ಇಮಾರತಿ ಕಬ್ಜಾ ತಗೊಂಡ್ರಿ ಅನ್ನೋದಕ್ಕ ಸರಕಾರಿ ದಾಖಲೆ ಬೇಕು. ಖಾಲಿ ಮನಿ ಇದ್ರ ಕೀಲಿ ಕೊಟ್ಟಾರಂತ ಬರೀಬಹುದಿತ್ತು. ಒಳಗ ಸರಕಾರ ಕುಂತದ. ನೀವು ಹೋದದ್ದು ಯಾರು ನೋಡ್ಯಾರ?"

"ಇಡೀ ಊರು ನೋಡ್ಯಾದ್ರೀ."

"ಊರು ಸರಕಾರ ಅಲ್ಲ" ಎಂದು ದಿಗಂಬರರಾವ್ ಫೈಲು ಕಟ್ಟಿದರು. "ಬರೋ ವಾರ ಹಿರಿ ಸಾಹೇಬ್ರು ಜಾಗಾ ನೋಡ್ಲಾಕ ಬರ್ತಾರ."

ಸಾಹೇಬರು ಬರುತ್ತಾರೆಂದ ಕೂಡಲೇ ಗುರುಲಿಂಗಪ್ಪನ ತಲೆಯಲ್ಲಿ ಒಂದು ವಿಚಾರ ಹೊಕ್ಕಿತು. ಬಸ್ಸಿನಲ್ಲಿ ಬರುವಾಗಲೇ ನನ್ನ ತೊಡೆ ತಟ್ಟಿದ.

"ಸಾಹೇಬ್ರು ಬಂದು ನೋಡಿದ್ರ, ಇಂವಾ ಮಾಲಕ ಅಂತ ಒಮ್ಮೆಲೆ ತಿಳಿಬೇಕು. ಹಲಗಿ ಹಾಕ್ತೀನಿ. ಹಲಗಿ ಇಲ್ದ ಮಾಲಕನ್ನ ಎಲ್ಲಾದ್ರ ನೋಡೀಯೇನು?"

ಪಾಪ, ಅವನು ಜೀವನದಲ್ಲಿ ನೋಡಿದ್ದು ಒಬ್ಬರೇ ಮಾಲಕರನ್ನು, ಒಂದೇ ಹಲಗೆಯನ್ನು. ವಾಡೆಯ ಹಲಗೆಯ ಫೋಟೋ ತೆಗೆದುಕೊಂಡು ಬಂದ, ನಾನು ದೊಡ್ಡದು ಮಾಡಿ ತೆಗೆದುಕೊಟ್ಟೆ, ಪೇಂಟರು ಅಕ್ಷರ ಬಿಡದೆ ಬರೆದ, ಮೇಲೆ ಮಾತ್ರ ‘ಮಾಲಕ: ಗುರುಲಿಂಗಪ್ಪ’ ಎಂದು ಸೇರಿಸಿದ, ಹಲಗೆ ದವಾಖಾನೆಯ ಗೋಡೆಗೆ ಏರಿತು. ನಿಜ ಒಪ್ಪಿಕೊಳ್ಳುತ್ತೇನೆ, ಆ ನಿಯಮಗಳನ್ನು ನಾನು ಎರಡು ಸಲ ಓದಿದೆ. ಅಕ್ಷರ ಇನ್ನೂ ದಪ್ಪ ಬೇಕೇನು ಎಂದು ಕೇಳಿದೆನೇ ಹೊರತು, ಇದು ದನದ ದವಾಖಾನೆ ಎಂಬುದು ನನಗೂ ಹೊಳೆಯಲಿಲ್ಲ.

ಡಾಕ್ಟರು ಆ ವಾರ ತರಬೇತಿಗೆಂದು ಉದಗೀರಕ್ಕೆ ಹೋಗಿದ್ದರು. ಅವರ ಬದಲಿಗೆ ದಿನಾ ಮಧ್ಯಾಹ್ನ ಒಬ್ಬರು ಬಂದು, ತಲೆ ಎತ್ತದೆ ಸಹಿ ಹಾಕಿ ಹೋಗುವರು. ಮಿಕ್ಕ ಹೊತ್ತು ದವಾಖಾನೆಯ ದರಬಾರು ಸಿಪಾಯಿ ಶಿವರಾಯನದು. ಇಪ್ಪತ್ತೆಂಟು ವರ್ಷದ ಸರ್ವಿಸಿನಲ್ಲಿ ಅವನು ಒಂದು ಪಾಠ ಕಲಿತಿದ್ದ: ಸರಕಾರಿ ಗೋಡೆಯ ಮೇಲೆ ಬಣ್ಣದಲ್ಲಿ ಬರೆದದ್ದೆಲ್ಲ ಆದೇಶ. ಬೆಳಿಗ್ಗೆ ಬಂದು ಹಲಗೆ ಓದಿದ, ಸ್ಟೂಲು ಎಳೆದು ಬಾಗಿಲಿಗೆ ಅಡ್ಡ ಕುಳಿತ.

ಮೊದಲು ಬಂದವಳು ಮಲಕಮ್ಮ, ತನ್ನ ತುಂಬು ಗಬ್ಬದ ಎಮ್ಮೆಯೊಂದಿಗೆ.

"ನೀ ಒಳಗ ಹೋಗು. ಎಮ್ಮಿ ಹೊರಗ ಇರ್ಲಿ" ಎಂದ ಶಿವರಾಯ.

"ಏ ಮಾರಾಯಾ, ತಬ್ಯೇತ ಬರೋಬರಿ ಇಲ್ದದ್ದು ಎಮ್ಮೀದು!"

"ಓದು. ನಾಕನೇ ನಿಯಮ. ಪ್ರಾಣಿಗಳನ್ನ ಒಳಗ ತರಬಾರದು."

"ನನಗ ಓದ್ಲಾಕ ಬರಲ್ಲ, ನನ್ನ ಎಮ್ಮಿಗಿನೂ ಬರಲ್ಲ! ಸರಿ ಅತ್ಲಾಗ!"

ಶಿವರಾಯ ಸರಿಯಲಿಲ್ಲ. ಮಲಕಮ್ಮ ಅವನ ಏಳು ತಲೆಮಾರು ಎಣಿಸಿ ತಿರುಗಿ ಹೋದಳು. ಅವಳ ಹಿಂದೆ ಎರಡು ಎತ್ತು, ಆರು ಕುರಿ, ಒಂದು ನಾಯಿ ತಿರುಗಿ ಹೋದವು. ಮೂರು ದಿನ ಹೀಗೇ ನಡೆಯಿತು. ಗುರುಲಿಂಗಪ್ಪ ಇತ್ತ ಬರಲಿಲ್ಲ, ಸಾಹೇಬರು ಬರುವ ದಿನಕ್ಕೆ ಹೊಸ ಅಂಗಿ ಹೊಲಿಸುವುದರಲ್ಲಿದ್ದ. ಮೂರನೆಯ ದಿನ ಜೀಪು ಬಂತು. ಹಿರಿಯ ಸಾಹೇಬರು ಇಳಿದು ಹಲಗೆಯ ಮುಂದೆ ನಿಂತು ಮೊದಲನೆಯ ನಿಯಮದಿಂದ ಐದನೆಯದರವರೆಗೆ ಗಟ್ಟಿಯಾಗಿ ಓದಿದರು. ನಾಲ್ಕನೆಯದನ್ನು ಎರಡು ಸಲ ಓದಿದರು.

"ಇವತ್ತ ಎಷ್ಟು ಜಾನುವಾರು ಬಂದಾವ?" ಎಂದು ಶಿವರಾಯನನ್ನು ಕೇಳಿದರು.

ಶಿವರಾಯ ಎದ್ದು ಸಲಾಮು ಹೊಡೆದು, "ಒಂದೂ ಇಲ್ಲ ಸಾಹೇಬ್ರೆ. ಮೂರು ದಿನದಾಗ ಒಂದಕ್ಕನೂ ಒಳಗ ಬಿಟ್ಟಿಲ್ಲ" ಎಂದ. ಶಾಬಾಸ್ ಅನ್ನಿಸಿಕೊಳ್ಳುವ ಮುಖ ಮಾಡಿಕೊಂಡು ನಿಂತಿದ್ದ.

ಎರಡು ದಿನಕ್ಕೆ ನೋಟಿಸು ಬಂತು, ಝೆರಾಕ್ಸಿಗೆ ನನ್ನಲ್ಲಿಗೇ ಬಂತು. ಕಟ್ಟಡದ ಮಾಲಕಿ ಹಕ್ಕಿಗೆ ತಕರಾರು ಇದೆ, ಜಾನುವಾರುಗಳೂ ಬರುತ್ತಿಲ್ಲ. ಇಪ್ಪತ್ತನೇ ತಾರೀಖಿನೊಳಗೆ ನಾಲ್ಕೂ ಕಾಗದ ಪೂರೈಸದಿದ್ದರೆ ದವಾಖಾನೆಯನ್ನು ಹನ್ನೆರಡು ಕಿಲೋಮೀಟರ್ ಆಚೆಯ ಊರಿಗೆ ಸ್ಥಳಾಂತರಿಸಲಾಗುವುದು.

ಊರಿಗೆ ಬೆಂಕಿ ಬಿದ್ದಂತಾಯಿತು. ಮಲಕಮ್ಮ ನೇರ ಗಿರಣಿಗೆ ಹೋಗಿ, ಬೀಸಲು ಇಟ್ಟಿದ್ದ ಜೋಳದ ಚೀಲ ತಲೆ ಮೇಲೆ ಎತ್ತಿಕೊಂಡು, "ನಿನ್ನ ಗಿರಣಿಯೊಳಗ ಇನ್ನ ನನ್ನ ಕಾಳು ಬರಬಾರದು. ಇದು ಆರನೇ ನಿಯಮ" ಎಂದಳು. ಸಂಜೆಯೊಳಗೆ ಉಳಿದ ಚೀಲಗಳೂ ಹೋದವು. ಗಿರಣಿಯ ಪಟ್ಟಿ ನಿಂತಿತು. ಹತ್ತೊಂಬತ್ತು ವರ್ಷದಲ್ಲಿ ಮೊದಲ ಸಲ ಹಗಲಲ್ಲಿ ನಮ್ಮ ಓಣಿಗೆ ಆ ಸದ್ದು ಕೇಳಿಸಲಿಲ್ಲ.

ಡಾಕ್ಟರು ಉದಗೀರದಿಂದ ಬಂದು ಹಲಗೆ ನೋಡಿದರು. ಬೈದಿದ್ದರೆ ಗುರುಲಿಂಗಪ್ಪನಿಗೆ ಹಗುರವಾಗುತ್ತಿತ್ತು. ಅವರು ಮೆಲ್ಲಗೆ, "ಮಲಕಮ್ಮನ ಎಮ್ಮಿ ಹನ್ನೆರಡು ಕಿಲೋಮೀಟರ್ ನಡೀತದೇನ್ರೀ?" ಎಂದಷ್ಟೇ ಕೇಳಿ, ಚೀಲ ಹಿಡಿದು ಮಲಕಮ್ಮನ ಕೊಟ್ಟಿಗೆಗೇ ಹೋದರು.

ಗುರುಲಿಂಗಪ್ಪ ಹಲಗೆ ಕಿತ್ತುಹಾಕಿದ. ಅವನಿಗೆ ನಿಜವಾಗಿ ಹೆದರಿಕೆಯಾಗಿತ್ತು, ನಾಚಿಕೆಯೂ ಆಗಿತ್ತು. ತ್ರಿವೇಣಿ ಕೂಗಾಡಲಿಲ್ಲ. "ಪಾಟ್ಲಿ ಹೋದ್ರ ಹೋಗ್ಲಿ ಅಂದಿದ್ದೆ. ಈಗ ಮಂದಿನೂ ಹೋಗ್ಲಾಕತ್ತಾರ. ನೀವು ಏನರೇ ಮಾಡ್ರಿ, ದವಾಖಾನಿ ಹೋಗಬಾರದು" ಎಂದಳು. ಅವನು ವಾಡೆಯ ಮುಂಬಾಗಿಲಿಗೆ ಹೋಗಿ ಚಪ್ಪಲಿ ಬಿಟ್ಟು ನಿಂತ. ಸಾಕ್ಷಿಗೆಂದು ನಾನೂ ಹಿಂದೆ ನಿಂತೆ.

"ಆಯೀ, ಮನಿ ತಿರುಗಿ ತಗೋರಿ. ರೊಕ್ಕ ನಿಧಾನಕ್ಕ ಕೊಡ್ರಿ. ನಿಮ್ಮ ಹೆಸರಿಗಿ ಇದ್ರ ತಕರಾರು ಇರಲ್ಲ, ದವಾಖಾನಿ ಇಲ್ಲೇ ಉಳೀತದ."

ಶೇವಂತಾಬಾಯಿ ಕಡಲೆ ಕೇರುವುದು ನಿಲ್ಲಿಸಲಿಲ್ಲ. "ಕೊಟ್ಟ ಮನಿ ತಿರುಗಿ ತಗೋಳ್ಲಾಕ ನಾ ಏನು ಬಾಜಾರದ ದುಕಾನದಾಕಿ ಏನು? ಅದಿರ್ಲಿ, ನನ್ನ ಹಲಗಿ ಯಾಕ ನಕಲು ಮಾಡಿದಿ?"

"ಮಾಲಕರ ಹಲಗಿ ಹಂಗೇ ಇರ್ತದಂತ ತಿಳಿದೆ ಆಯಿ."

"ಹುಚ್ಚಾ! ಆ ನಾಕನೇ ನಿಯಮ ಬರಸಿದ್ದು ನಿನ್ನ ಆಡಿನ ಸಲುವಾಗಿ. ಬಂದ ದಿವಸಾನೇ ನನ್ನ ಇಳಕಲ್ಲ ಸೀರಿ ಸೆರಗು ತಿಂದಿತ್ತು ಅದು. ಅದಕ್ಕ ಮುಂಚಿ ಮೂರೇ ನಿಯಮ ಇದ್ದವು."

ನನಗೆ ಆಶ್ಚರ್ಯವಾಯಿತು. ಒಂದು ಆಡು ಹತ್ತೊಂಬತ್ತು ವರ್ಷದ ಹಿಂದೆ ತಿಂದ ಸೆರಗಿಗೆ ಊರಿನ ದವಾಖಾನೆ ಹೋಗುವ ಹೊತ್ತು ಬಂದಿತ್ತು. ಶೇವಂತಾಬಾಯಿ ಮೊರ ಕೆಳಗಿಟ್ಟು, "ಹರಕತ್ ಇಲ್ಲಂತ ಕಾಗದ ಬರಿ ಪಂಡಿತಾ, ಸಹಿ ಮಾಡ್ತೀನಿ. ಇಪ್ಪತ್ತಕ್ಕ ನಾನೂ ಬರ್ತೀನಿ" ಎಂದರು.

ಇಪ್ಪತ್ತನೇ ತಾರೀಖು ನಾವೆಲ್ಲ ಒಂದೇ ಬಸ್ಸಿನಲ್ಲಿ ನಿಲಂಗಾಕ್ಕೆ ಹೋದೆವು. ಖರೀದಿ ಪತ್ರ ಇತ್ತು. ಪಂಚಾಯತಿಯ ಉತಾರ ಹಿಂದಿನ ದಿನವಷ್ಟೇ ಕೈಗೆ ಬಂದಿತ್ತು. ಹರಕತ್ ಇಲ್ಲದ ಪತ್ರ ಇತ್ತು. ಕಬ್ಜಾದ ದಾಖಲೆ ಮಾತ್ರ ಇರಲಿಲ್ಲ. ಗುರುಲಿಂಗಪ್ಪ ಆ ಕಾಗದಕ್ಕಾಗಿ ತಲಾಠಿ, ಪೋಸ್ಟ್‌ಮನ್, ಪೋಲೀಸ್ ಪಾಟೀಲರವರೆಗೆ ಎಲ್ಲರ ಕಾಲಿಗೆ ಬಿದ್ದು ಬಂದಿದ್ದ. ಡಾಕ್ಟರು ತಮ್ಮ ಕಡೆಯಿಂದ ಒಂದು ಗೋಣಿಚೀಲದಲ್ಲಿ ರಜಿಸ್ಟರುಗಳನ್ನು ಹೊತ್ತು ತಂದಿದ್ದರು. ಜಾನುವಾರು ಬರುತ್ತಿಲ್ಲ ಎಂದವರಿಗೆ ತೋರಿಸಬೇಕೆಂಬ ಹಟ ಅವರದು.

ಹಿರಿಯ ಸಾಹೇಬರು ಕುಳಿತಿದ್ದರು. ದಿಗಂಬರರಾವ್ ಮೂರು ಕಾಗದಕ್ಕೆ ಗುರುತು ಹಾಕಿ ನಾಲ್ಕನೆಯದಕ್ಕೆ ಕೈ ಚಾಚಿದರು.

"ಕಬ್ಜಾ?"

"ಇಲ್ರೀ" ಎಂದ ಗುರುಲಿಂಗಪ್ಪ.

"ಹಂಗಾದ್ರ ಏನೂ ಮಾಡ್ಲಾಕ ಬರಂಗಿಲ್ಲ."

"ಸಾಹೇಬ್ರೆ, ಕಬ್ಜಾ ಇರ್ಲಿ ಬಿಡ್ಲಿ, ಮೊದಲ ಇದು ನೋಡ್ರಿ" ಎಂದು ಡಾಕ್ಟರು ಚೀಲವನ್ನು ಮೇಜಿನ ಮೇಲೆ ಬೋರಲು ಹಾಕಿದರು. "ಒಂದೊಂದು ಸಾಲು ನೋಡ್ರಿ. ಜಾನುವಾರು ಬರಲ್ಲಂತ ಯಾರು ಹೇಳ್ಯಾರ?"

ದಿಗಂಬರರಾವ್ ಎಂಥವರೆಂದರೆ, ಒಂದೊಂದು ಸಾಲು ನೋಡಿ ಎಂದರೆ ನಿಜವಾಗಿ ಒಂದೊಂದು ಸಾಲು ನೋಡುವವರು. ಎಮ್ಮೆ, ಕುರಿ, ಎತ್ತು, ಎಮ್ಮೆ ಎಂದು ಬೆರಳಿಟ್ಟು ಓದುತ್ತ ಹೋದರು. ಗೋಡೆ ಗಡಿಯಾರ ಹನ್ನೆರಡು ಹೊಡೆಯಿತು. ಶೇವಂತಾಬಾಯಿ ತೂಕಡಿಸಿದರು. ಒಂದು ಕಡೆ ದಿಗಂಬರರಾವರ ಬೆರಳು ನಿಂತಿತು. ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಆಮೇಲೆ ಎದ್ದು ನಿಂತು ಓದಿದರು:

"ನಂಬರ್ ಒಂದು ಸಾವಿರದ ನೂರಾ ನಲವತ್ತೇಳು. ಆಕಳು, ದೇವಣಿ ಜಾತಿ, ಕರು ಸಮೇತ. ತಂದವರು ಗುರುಲಿಂಗಪ್ಪ. ರೋಗ: ಇಲ್ಲ. ಉಪಚಾರ: ಇಲ್ಲ. ಶೆರಾ: ಇಮಾರತಿಯ ನೂತನ ಮಾಲಕರು ಖರೀದಿಯ ನಂತರ ಈ ದಿನ ಬೆಳಿಗ್ಗೆ ಹತ್ತು ಗಂಟೆಗೆ ಗೃಹಶಾಂತಿ ನಿಮಿತ್ತ ಆಕಳನ್ನು ಮುಂದೆ ಮಾಡಿ ಪ್ರವೇಶ ಮಾಡಿದರು. ಫೀ ವಸೂಲಾಗಿದೆ. ಆಕಳು ಒಳಗೆ ಸೆಗಣಿ ಹಾಕಿತು."

"ಸರಕಾರಿ ರಜಿಸ್ಟರ್ ಅದಾ. ಸರಕಾರಿ ಡಾಕ್ಟರ ಸಹಿ ಅದಾ. ಶಿಕ್ಕಾ ಅದಾ, ಪಾವತಿ ನಂಬರ್ ಅದಾ, ತಾಸು ಸುದ್ದಾ ಅದಾ!" ಎಂದು ದಿಗಂಬರರಾವ್ ಪ್ರತಿಯೊಂದಕ್ಕೂ ಮೇಜು ಕುಟ್ಟಿದರು. ಅವರ ಕಣ್ಣಲ್ಲಿ ನೀರಾಡಿತ್ತು. "ಮೂವತ್ತು ವರ್ಷದ ನೌಕರಿಯೊಳಗ ಇಷ್ಟು ಚೊಕ್ಕ ಕಬ್ಜಾ ನಾ ನೋಡಿಲ್ಲ."

ಹಿರಿಯ ಸಾಹೇಬರು ಮಾತ್ರ ಗಂಭೀರವಾಗಿಯೇ ಇದ್ದರು. "ಆಕಳ ತಾನಾಗೇ ಒಳಗ ಹೋಯ್ತೇನು? ಜಬರ್ದಸ್ತಿ ಇಲ್ಲಲ್ಲ?"

"ತಾನಾಗೇ ಹೋಯ್ತು ಸಾಹೇಬ್ರೆ. ಹೊರಗ ಬರ್ಲಾಕೇ ಒಲ್ಲೆ ಅಂತಿತ್ತು" ಎಂದರು ಡಾಕ್ಟರು.

ಅಷ್ಟರಲ್ಲಿ ಶೇವಂತಾಬಾಯಿಗೆ ಎಚ್ಚರವಾಗಿತ್ತು. "ಅದು ನನ್ನ ಆಕಳ. ಬ್ಯಾಡಂದ ಕಡಿ ಅದು ಕಾಲಿಡಂಗಿಲ್ಲ" ಎಂದರು.

ಸಾಹೇಬರು ಹಸಿರು ಪೆನ್ನು ತೆಗೆದುಕೊಂಡರು. "ದವಾಖಾನಿ ಅಲ್ಲೇ ಇರ್ತದ. ಮಾಲಕ ಗುರುಲಿಂಗಪ್ಪ. ಆದ್ರ ಆ ಹಲಗಿ?"

"ತಗದೀನ್ರೀ! ಕಡದು ಒಲಿಗಿ ಹಾಕೀನ್ರೀ!" ಎಂದ ಗುರುಲಿಂಗಪ್ಪ. ಅಲ್ಲಿ ನಕ್ಕವರಲ್ಲಿ ಮೊದಲಿಗರು ಸಾಹೇಬರೇ.

ಬಸ್ಸು ಇಳಿದಾಗ ಮಲಕಮ್ಮ ದಾರಿ ಕಾಯುತ್ತಿದ್ದಳು. ಸುದ್ದಿ ಕೇಳಿಕೊಂಡು ಮನೆಗೆ ನಡೆದಳು. ಮರುದಿನ ಬೆಳಿಗ್ಗೆ ಜೋಳದ ಚೀಲ ಗಿರಣಿಯಲ್ಲಿ ಇಳಿಸಿ, "ಸಣ್ಣಗ ಬೀಸು" ಎಂದಳು. ಅವಳ ಎಮ್ಮೆ ಆ ವಾರವೇ ದವಾಖಾನೆಯೊಳಗೆ ಹೆಣ್ಣುಗರು ಹಾಕಿತು, ಡಾಕ್ಟರು ಎರಡು ಕೇಸ್ ಪೇಪರ್ ಮಾಡಿದರು.

ತಿಂಗಳೊಪ್ಪತ್ತಿಗೆ ಆದೇಶ ಅಂಚೆಯಲ್ಲಿ ಬಂತು. ಗುರುಲಿಂಗಪ್ಪ ನನ್ನಲ್ಲಿ ಹನ್ನೊಂದು ಝೆರಾಕ್ಸ್ ಮಾಡಿಸಿ, ಅಸಲು ಪ್ರತಿಯನ್ನು ಉಮರ್ಗಾಕ್ಕೆ ಒಯ್ದು ಗಾಜಿನ ಚೌಕಟ್ಟು ಹಾಕಿಸಿಕೊಂಡು ಬಂದ. ಖೋಲಿಯ ಗೋಡೆಯ ಮುಂದೆ ಎಡಗೈಯಲ್ಲಿ ಮೊಳೆ, ಬಲಗೈಯಲ್ಲಿ ಸುತ್ತಿಗೆ ಹಿಡಿದು ನಿಂತ. ಕೈ ಏಳಲಿಲ್ಲ. ಹತ್ತೊಂಬತ್ತು ವರ್ಷದ ರೂಢಿ, ಎಲ್ಲಿ ಹೋಗುತ್ತದೆ?

ಬಾಗಿಲಲ್ಲಿ ಶೇವಂತಾಬಾಯಿ. "ಏನು ಮಾಡ್ಲಾಕತ್ತಿ?"

"ಏನಿಲ್ಲ ಆಯಿ" ಎಂದು ಸುತ್ತಿಗೆಯನ್ನು ಬೆನ್ನ ಹಿಂದೆ ಬಚ್ಚಿಟ್ಟ.

ಅವರು ಚೌಕಟ್ಟನ್ನು ಕೈಗೆ ತೆಗೆದುಕೊಂಡು ಬೆರಳಿಟ್ಟು ಓದಿದರು. ‘ಪೂರ್ವದ ಮಾಲಕ: ದಿವಂಗತ ನಾಗನಾಥರಾವ್’ ಎಂಬಲ್ಲಿ ಬೆರಳು ನಿಂತಿತು. "ಹನ್ನೊಂದು ವರ್ಷಕ್ಕ ಒಪ್ಪಕೊಂಡ್ರು ನೋಡು ಸರಕಾರದವರು. ಇನ್ನ ಅವರಿಗಿ ತಿಂಗಳಾ ಭಾಡಾ ತಗೋಳೋ ತ್ರಾಸ ಇಲ್ಲ" ಎಂದು ಸೆರಗಿನಿಂದ ಕಣ್ಣೊರೆಸಿಕೊಂಡರು.

ಆಮೇಲೆ ಚೌಕಟ್ಟು ಹಿಡಿದುಕೊಂಡೇ ವಾಡೆಯ ಬಾಗಿಲಿಗೆ ನಡೆದರು. ತಗಡಿನ ಹಲಗೆಯನ್ನು ಕೆಳಗಿಳಿಸಿ, ಅದೇ ದಪ್ಪ ಮೊಳೆಗೆ ಗುರುಲಿಂಗಪ್ಪನ ಆದೇಶ ತೂಗುಹಾಕಿ, ಸರಿಯಾಗಿ ಕೂತಿದೆಯೇ ಎಂದು ದೂರ ನಿಂತು ನೋಡಿದರು. "ಹೊಸ ಮೊಳಿ ಹೊಡದಿಲ್ಲ. ನಿಯಮ ಅಂದ್ರ ನಿಯಮ" ಎಂದು ಹಲಗೆಯನ್ನು ತ್ರಿವೇಣಿಯ ಕೈಗೆ ಕೊಟ್ಟು ಒಳಗೆ ಹೋದರು. ತ್ರಿವೇಣಿ ಅದನ್ನು ತಿರುಗಿಸಿ ಹಿಟ್ಟಿನ ಡಬ್ಬಿಗೆ ಮುಚ್ಚಿದಳು.

ಮುಂದಿನ ವಾರ ಅವಳು ಒಂದು ಆಡು ತಂದಳು. ಶೇವಂತಾಬಾಯಿ ಅದನ್ನು ಮೇಲಿನಿಂದ ಕೆಳಗೆ ಒಮ್ಮೆ ನೋಡಿ, ಸೀರೆ ಒಣಹಾಕುವ ಹಗ್ಗವನ್ನು ಎರಡು ಮೊಳ ಮೇಲೆ ಕಟ್ಟಿಸಿದರು. ಅದಕ್ಕೆ ಗೋಡೆಗೆ ಎರಡು ಹೊಸ ಮೊಳೆ ಬೇಕಾದವು. ಗುರುಲಿಂಗಪ್ಪ ಹೊಡೆದ.